ಸರಿದ ಸೆರಗು

ಚಿತ್ರದಲ್ಲಿರುವವರ ಮನಸ್ಸನ್ನು ಊಹಿಸುವುದು ರಸಿಕರ ಹಳೆಯ ಹವ್ಯಾಸ. ಮೋನಾಲಿಸಾಳ ಒಂದು ನಗೆಯನ್ನು ಕುರಿತು ಎಷ್ಟು ಗ್ರಂಥಗಳು ಹುಟ್ಟಿಲ್ಲ! ನಮ್ಮ ಮೈಸೂರಿನ ಅರಮನೆಯ ಹುಡುಗಿಯೊಬ್ಬಳ ಮುಖವೂ ಅಂಥ ಆಲೋಚನೆಗೆ ಅರ್ಹವೆಂದು ನನ್ನ ಭಾವನೆ.

ಐರಿಷ್ ಚಿತ್ರಕಾರ ಥಾಮಸ್ ಹಿಕ್ಕಿ 1805ರ ಸುಮಾರಿನಲ್ಲಿ ರಚಿಸಿದ ತೈಲಚಿತ್ರವದು. ಸರ್ವಾಲಂಕಾರಭೂಷಿತೆಯರಾದ ಮೂವರು ಸ್ತ್ರೀಯರು ನಿಂತಿದ್ದಾರೆ. ಬಲಗಡೆಯವಳ ಎಡತೋಳನ್ನು ಮುಚ್ಚಬೇಕಾಗಿದ್ದ ಸೆರಗು ಸರಿದಿದೆ. ಇವರನ್ನು ನರ್ತಕಿಯರೆಂದು ಬಹುಕಾಲ ಭಾವಿಸಲಾಗಿತ್ತು. ಇತಿಹಾಸಕಾರ ನೈಜೆಲ್ ಚಾನ್ಸಲರ್ ಅವರ ವ್ಯಾಖ್ಯಾನ ಬೇರೆ. ಆಕೆ ಮುಮ್ಮಡಿ ಕೃಷ್ಣರಾಜ ಒಡೆಯರ ಕಿರಿಯ ರಾಣಿ ದೇವಾಜಮ್ಮಣ್ಣಿ. ಸೆರಗು ಸರಿದಿರುವುದು ಸಿಡುಬಿನ ಲಸಿಕೆ ಹಾಕಿಸಿಕೊಂಡ ಜಾಗವನ್ನು ಮರ್ಯಾದೆ ಮೀರದಂತೆ ತೋರುವುದಕ್ಕಾಗಿ. ಎಡಗಡೆಯ ಹಿರಿಯ ರಾಣಿಯ ಬಾಯಿಯ ಸುತ್ತ ಚರ್ಮ ಬಣ್ಣಗೆಟ್ಟಿದೆ. ಅದು ಸಿಡುಬಿನ ಹಕ್ಕಳೆಯನ್ನೇ ಬಳಸುತ್ತಿದ್ದ ಹಳೆಯ ಕ್ರಮದ ಗುರುತು. ನಡುವೆ ನಿಂತವರು, ಸಿಡುಬಿನಿಂದ ಪತಿಯನ್ನು ಕಳೆದುಕೊಂಡ ಅಜ್ಜಿ, ಮಹಾರಾಣಿ ಲಕ್ಷ್ಮಮ್ಮಣ್ಣಿ.

ಆ ಕಾಲವನ್ನು ಕೇಳುಗರು ನೆನೆಯಬೇಕು. ಜೆನ್ನರನ ಶೋಧ ಪ್ರಕಟವಾದದ್ದು 1798ರಲ್ಲಿ; ಮುಂಬಯಿಯಲ್ಲಿ ಮೂರು ವರ್ಷದ ಮಗುವೊಂದಕ್ಕೆ ಲಸಿಕೆ ಹಾಕಿದ್ದು 1802ರಲ್ಲಿ. ಲಸಿಕೆಯನ್ನು ಶೀಶೆಯಲ್ಲಿಟ್ಟು ಕಾಪಾಡುವುದು ಕಷ್ಟವಾಗಿತ್ತು. ಒಬ್ಬರ ತೋಳಿನ ಗುಳ್ಳೆಯ ರಸ ಮತ್ತೊಬ್ಬರ ತೋಳಿಗೆ ಹೋಗಬೇಕು. ಅದರ ಮೂಲ ಹಸುವಿನ ರೋಗ. ಅದು ಹಾದುಬಂದ ಮೈ ಯಾವ ಜಾತಿಯದೋ ಯಾರು ಬಲ್ಲರು? ಜನ ಹಿಂಜರಿದದ್ದರಲ್ಲಿ ಆಶ್ಚರ್ಯವಿಲ್ಲ. ಆಗ ಕಂಪೆನಿಗೆ ರಾಣಿಯ ತೋಳೊಂದು ನಿದರ್ಶನವಾಗಿ ಒದಗಿತು.

ನಮ್ಮ ನುಡಿ ಈ ಸಂಕಟವನ್ನು ತನ್ನದೇ ರೀತಿಯಲ್ಲಿ ಪರಿಹರಿಸಿಕೊಂಡಿತು. ಸಿಡುಬೆದ್ದರೆ 'ಅಮ್ಮ ಬಂದಿದ್ದಾಳೆ' ಎನ್ನುತ್ತಿದ್ದ ಜನ, ಲಸಿಕೆ ಹಾಕುವುದನ್ನು 'ದೇವಿ ಹಾಕುವುದು' ಎಂದರು. ರೋಗಕ್ಕೂ ರಕ್ಷೆಗೂ ತಾಯಿಯ ಹೆಸರೇ ಬಂತು.

ಇಷ್ಟು ತಿಳಿದ ಮೇಲೆ ಚಿತ್ರವನ್ನು ಮತ್ತೆ ನೋಡೋಣ. ಮದುವೆಯಾಗಿ ಅರಮನೆಗೆ ಬಂದ ದೇವಾಜಮ್ಮಣ್ಣಿಗೆ ಹನ್ನೆರಡು ವರ್ಷ. ತೋಳಿಗೆ ಅಲಗು ತಾಗಿದಾಗ ಅವಳು ಮಾರಿಯಮ್ಮನಿಗೆ ಹೆದರಿದಳೋ, ಅಜ್ಜಿಯ ದುಃಖಕ್ಕೆ ಮಣಿದಳೋ? ಪರದೇಶದ ಗಂಡಸೊಬ್ಬನ ಎದುರು ಸೆರಗು ಸರಿಸಿ ನಿಂತಾಗ ನಾಚಿದಳೋ, ಹೆಮ್ಮೆಪಟ್ಟಳೋ? ದಾಖಲೆಗಳು ಅವಳ ತೋಳನ್ನು ಮಾತ್ರ ಬಲ್ಲವು. ಅವಳ ಧೈರ್ಯವನ್ನು ಹೊಗಳುವ ಆತುರದಲ್ಲಿ ಅವಳಿಗೆ ಆಯ್ಕೆಯಿತ್ತೆಂದು ನಾವು ಕಲ್ಪಿಸಬಾರದು; ಮರುಕದ ಭರದಲ್ಲಿ ಅವಳಿಗೆ ಮನಸ್ಸೇ ಇರಲಿಲ್ಲವೆಂದೂ ಎಣಿಸಬಾರದು.

ಸಿಡುಬು ಭೂಮಿಯಿಂದ ತೊಲಗಿತೆಂದು 1980ರಲ್ಲಿ ಜಗತ್ತು ಸಾರಿತು. ಆ ದೀರ್ಘ ಸಾಲಿನಲ್ಲಿ ಮೊದಮೊದಲು ತೋಳು ಚಾಚಿದವರಲ್ಲಿ ಈ ಹುಡುಗಿ ಒಬ್ಬಳು. ಅವಳ ಮುಖವನ್ನೂ ಒಂದಿಷ್ಟು ಹೊತ್ತು ನೋಡುವುದು ನಮ್ಮ ಮೇಲಿರುವ ಸಣ್ಣ ಋಣ.