ಮಾಂಸದಂಗಡಿಯವನ ಸೀಟಿ

ಫುಟ್‌ಬಾಲ್ ಅಂದ್ರೆ ನಮಗೆಲ್ಲ ಪೆಲೆ, ಮರಡೋನಾ. ರೆಫ್ರಿಯ ಹೆಸರು ಯಾರಿಗೆ ನೆನಪಿರುತ್ತೆ ಹೇಳಿ? ನನಗಂತೂ ಜ್ಯಾಕ್ ಟೇಲರ್ ಮರೆಯೋದಿಲ್ಲ. 1930ರಲ್ಲಿ ಇಂಗ್ಲೆಂಡಿನ ವುಲ್ವರ್‌ಹ್ಯಾಂಪ್ಟನ್‌ನಲ್ಲಿ ಹುಟ್ಟಿದವನು, ಕಸುಬು ಮಾಂಸದ ವ್ಯಾಪಾರ. 1966ರ ಎಫ್.ಎ. ಕಪ್ ಫೈನಲ್, 1971ರ ಯುರೋಪಿಯನ್ ಕಪ್ ಫೈನಲ್ ಎರಡರಲ್ಲೂ ಸೀಟಿ ಊದಿದವನು ಇವನೇ.

1974ರ ಜುಲೈ 7, ಮ್ಯೂನಿಕ್. ಪಶ್ಚಿಮ ಜರ್ಮನಿ, ನೆದರ್ಲೆಂಡ್ಸ್ ನಡುವೆ ವಿಶ್ವಕಪ್ ಫೈನಲ್. ಇನ್ನೇನು ಆಟ ಶುರುವಾಗಬೇಕು, ನೋಡಿದರೆ ಮೂಲೆಯ ಬಾವುಟಗಳೇ ಇಲ್ಲ! ಅವನ್ನು ನೆಡುವ ತನಕ ಟೇಲರ್ ಆಟ ತಡೆದ. ಶುರುವಾದ ಮೇಲೆ ಜರ್ಮನ್ನರ ಕಾಲಿಗೆ ಚೆಂಡು ತಾಗುವ ಮೊದಲೇ ಹೋನೆಸ್ ಅಡ್ಡಬಂದು ಕ್ರೈಫ್‌ನನ್ನು ಬೀಳಿಸಿದ. ಟೇಲರ್ ಪೆನಾಲ್ಟಿ ಕೊಟ್ಟೇಬಿಟ್ಟ! ವಿಶ್ವಕಪ್ ಫೈನಲ್ ಒಂದರಲ್ಲಿ ಅದೇ ಮೊದಲ ಪೆನಾಲ್ಟಿ, ಅದೂ ಆತಿಥೇಯರ ವಿರುದ್ಧ, ಅವರದೇ ನೆಲದಲ್ಲಿ. ನೀಸ್ಕೆನ್ಸ್ ಗೋಲು ಹೊಡೆದ. 25ನೇ ನಿಮಿಷದ ಹೊತ್ತಿಗೆ ಜರ್ಮನಿಗೂ ಒಂದು ಪೆನಾಲ್ಟಿ ಸಿಕ್ಕಿತು, ಬ್ರೈಟ್ನರ್ ಹೊಡೆದು ಸಮ ಮಾಡಿದ. ಕೊನೆಗೆ ಮುಲ್ಲರ್ ಗೋಲಿನಿಂದ ಜರ್ಮನಿ 2-1ರಲ್ಲಿ ಗೆದ್ದಿತು.

ಮೊದಲನೆಯದನ್ನು ಸರಿದೂಗಿಸೋಕೆ ಎರಡನೆಯದು ಕೊಟ್ಟ ಅಂತ ಜನ ಆಡಿಕೊಂಡರು. ಟೇಲರ್ ಅದನ್ನು ಒಪ್ಪಲೇ ಇಲ್ಲ. 2012ರಲ್ಲಿ ತೀರಿಕೊಂಡ. ನಾನು ಅವನ ಕಡೆಗೇ. ಜರ್ಮನ್ನರಿಗೆ ಹೆದರುವವನಾಗಿದ್ದರೆ ಮೊದಲ ತಪ್ಪನ್ನೇ ನೋಡದ ಹಾಗೆ ಇದ್ದುಬಿಡಬಹುದಿತ್ತಲ್ಲ? ನೀವೇನಂತೀರಿ?