ಕುಟುಂಬ ಪಿಂಚಣಿ: ಅವಿವಾಹಿತ, ವಿಧವೆ ಹಾಗೂ ವಿಚ್ಛೇದಿತ ಪುತ್ರಿಯರ ಅರ್ಹತೆ (ಕೇಂದ್ರ ಸರ್ಕಾರಿ ನೌಕರರು)

ಕೇಂದ್ರ ಸರ್ಕಾರದ ಸಿವಿಲ್ ಹುದ್ದೆಗಳಿಗೆ ದಿನಾಂಕ 31-12-2003ರಂದು ಅಥವಾ ಅದಕ್ಕೂ ಮೊದಲು ನೇಮಕಗೊಂಡ ನೌಕರರು ಮೃತರಾದಲ್ಲಿ, ಅವರ ಕುಟುಂಬಕ್ಕೆ ಕೇಂದ್ರ ನಾಗರಿಕ ಸೇವಾ (ಪಿಂಚಣಿ) ನಿಯಮಗಳು, 2021ರ 50ನೇ ನಿಯಮದನ್ವಯ ಕುಟುಂಬ ಪಿಂಚಣಿಯನ್ನು ಮಂಜೂರು ಮಾಡಲಾಗುತ್ತದೆ. ಸದರಿ ನಿಯಮಗಳು 1972ರ ನಿಯಮಗಳ ಸ್ಥಾನದಲ್ಲಿ ಜಾರಿಗೆ ಬಂದಿವೆ. ರೈಲ್ವೆ ನೌಕರರಿಗೆ 1993ರ ಪ್ರತ್ಯೇಕ ನಿಯಮಗಳಿದ್ದು, ಕರ್ನಾಟಕ ರಾಜ್ಯ ಸರ್ಕಾರಿ ನೌಕರರ ಕುಟುಂಬದವರಿಗೆ 2002ರ ಕುಟುಂಬ ಪಿಂಚಣಿ ನಿಯಮಗಳು ಅನ್ವಯಿಸುತ್ತವೆ. ಆದುದರಿಂದ ಅರ್ಜಿದಾರರು ಮೃತರು ಯಾವ ಸರ್ಕಾರದ ನೌಕರರಾಗಿದ್ದರೆಂಬುದನ್ನು ಮೊದಲು ಖಚಿತಪಡಿಸಿಕೊಳ್ಳತಕ್ಕದ್ದು.

ಮಗಳಿಗೆ 25 ವರ್ಷ ತುಂಬಿದ ಕೂಡಲೇ ಹಕ್ಕು ಮುಗಿಯಿತೆಂಬ ತಿಳುವಳಿಕೆ ಇಂದಿಗೂ ಹಲವು ಕುಟುಂಬಗಳಲ್ಲಿದೆ. ಇದು ಸರಿಯಲ್ಲ. 2004ರ ಆದೇಶದಿಂದ ವಿಧವೆ ಹಾಗೂ ವಿಚ್ಛೇದಿತ ಪುತ್ರಿಯರಿಗೂ, 2007ರ ಆದೇಶದಿಂದ ಅವಿವಾಹಿತ ಪುತ್ರಿಯರಿಗೂ 25 ವರ್ಷದ ನಂತರವೂ ಕುಟುಂಬ ಪಿಂಚಣಿ ದೊರೆಯುತ್ತದೆ. ಪುತ್ರಿಯು ವಿವಾಹ ಅಥವಾ ಮರುವಿವಾಹವಾಗುವವರೆಗೆ, ಇಲ್ಲವೇ ನಿಗದಿತ ಮಿತಿಗಿಂತ ಹೆಚ್ಚು ಆದಾಯ ಗಳಿಸಲು ಆರಂಭಿಸುವವರೆಗೆ ಇದು ಮುಂದುವರಿಯುತ್ತದೆ. ಗಂಡುಮಕ್ಕಳಿಗಾದರೋ, ಅಂಗವಿಕಲರನ್ನು ಹೊರತುಪಡಿಸಿ, 25 ವರ್ಷವೇ ಕೊನೆ.

ಸರದಿಯ ಕ್ರಮ

ಕುಟುಂಬ ಪಿಂಚಣಿಯ ಮೊದಲ ಹಕ್ಕು ಮೃತರ ಪತ್ನಿ ಅಥವಾ ಪತಿಯದು. ಅವರ ನಂತರ 25 ವರ್ಷದೊಳಗಿನ ಮಕ್ಕಳಿಗೆ, ಬಳಿಕ ದುಡಿಯಲು ಅಶಕ್ತರಾದ ಅಂಗವಿಕಲ ಮಕ್ಕಳಿಗೆ ಜೀವನಪರ್ಯಂತ ಸಲ್ಲುತ್ತದೆ. ಇವರಾರೂ ಅರ್ಹರಾಗಿ ಉಳಿದಿಲ್ಲದಿದ್ದಾಗ ಮಾತ್ರ 25 ವರ್ಷ ಮೀರಿದ ಪುತ್ರಿಯರ ಸರದಿ ಬರುತ್ತದೆ. ಇಬ್ಬರು ಪುತ್ರಿಯರು ಅರ್ಹರಿದ್ದಲ್ಲಿ ಹಿರಿಯಳಿಗೆ ಮೊದಲು; ಹಿರಿಯಳ ಅರ್ಹತೆ ಮುಗಿದ ಮೇಲೆ ಕಿರಿಯಳಿಗೆ.

ದಿನಾಂಕಗಳ ಮಹತ್ವ

ಅರ್ಜಿಗಳ ಅಳಿವು ಉಳಿವು ನಿಂತಿರುವುದು ಇಲ್ಲಿಯೇ. ನೌಕರರನ್ನು ಅವಲಂಬಿಸಿದ್ದವರಿಗಷ್ಟೇ ಕುಟುಂಬ ಪಿಂಚಣಿ ಎಂಬುದು ನಿಯಮದ ಆಧಾರ. ಆದ್ದರಿಂದ ಪುತ್ರಿಯು ವಿಧವೆಯಾದದ್ದು ಅಥವಾ ವಿಚ್ಛೇದಿತಳಾದದ್ದು ತಂದೆ ತಾಯಿಯರಲ್ಲಿ ಒಬ್ಬರಾದರೂ ಜೀವಂತವಿದ್ದಾಗ ಆಗಿರಬೇಕೆಂದು 11-9-2013ರ ಆದೇಶವು ಸ್ಪಷ್ಟಪಡಿಸಿತು. ತಂದೆ ಮೃತರಾಗಿದ್ದರೂ, ತಾಯಿಯು ಕುಟುಂಬ ಪಿಂಚಣಿ ಪಡೆಯುತ್ತಿದ್ದ ಕಾಲದಲ್ಲಿ ಪುತ್ರಿಯ ಪತಿ ತೀರಿಕೊಂಡಿದ್ದಲ್ಲಿ ಅಡ್ಡಿಯಿಲ್ಲ.

ನ್ಯಾಯಾಲಯದಲ್ಲಿ ವಿಚ್ಛೇದನ ಪ್ರಕರಣಗಳು ವರ್ಷಗಟ್ಟಲೆ ನಡೆಯುವುದು ಎಲ್ಲರಿಗೂ ತಿಳಿದ ಸಂಗತಿ. ಡಿಕ್ರಿ ಬರುವಷ್ಟರಲ್ಲಿ ತಂದೆ ತಾಯಿ ಇಬ್ಬರೂ ಗತಿಸಿದ್ದರೆ, ತನ್ನದಲ್ಲದ ವಿಳಂಬಕ್ಕೆ ಪುತ್ರಿಯು ಹಕ್ಕನ್ನು ಕಳೆದುಕೊಳ್ಳುವಂತಾಗಿತ್ತು. 19-7-2017ರ ಆದೇಶವು ಈ ತೊಡಕನ್ನು ನಿವಾರಿಸಿದೆ. ತಂದೆ ಅಥವಾ ತಾಯಿ ಬದುಕಿದ್ದಾಗ ಸಕ್ಷಮ ನ್ಯಾಯಾಲಯದಲ್ಲಿ ಅರ್ಜಿ ದಾಖಲಾಗಿದ್ದರೆ ಸಾಕು. ಆದರೆ ಪಿಂಚಣಿಯು ವಿಚ್ಛೇದನ ದೊರೆತ ದಿನಾಂಕದಿಂದ ಮಾತ್ರ ಸಲ್ಲುತ್ತದೆ. ಉದಾಹರಣೆಗೆ, 2013ರಲ್ಲಿ ಪ್ರಕರಣ ದಾಖಲಾಗಿ, 2015ರಲ್ಲಿ ಪೋಷಕರಲ್ಲಿ ಕೊನೆಯವರು ಮೃತರಾಗಿ, 2018ರಲ್ಲಿ ವಿಚ್ಛೇದನವಾಗಿದ್ದಲ್ಲಿ 2018ರಿಂದ ಪಿಂಚಣಿ ಲಭ್ಯ. ಅದೇ ಪ್ರಕರಣವು 2016ರಲ್ಲಿ ದಾಖಲಾಗಿದ್ದರೆ ಅರ್ಹತೆಯಿಲ್ಲ. ಪತಿಯಿಂದ ದೂರವಾಗಿ ತವರಿನಲ್ಲಿ ವಾಸವಿರುವುದು, ಅದು ಎಷ್ಟೇ ವರ್ಷಗಳದ್ದಾಗಿರಲಿ, ವಿಚ್ಛೇದನವೆನಿಸುವುದಿಲ್ಲ. ಇಂತಹ ಸ್ಥಿತಿಯಲ್ಲಿರುವ ಪುತ್ರಿಯರ ಪೋಷಕರು ಇದನ್ನು ಗಮನದಲ್ಲಿಡುವುದು ಒಳಿತು.

ಆದಾಯ ಮಿತಿ

ಪುತ್ರಿಯ ಎಲ್ಲ ಮೂಲಗಳ ಮಾಸಿಕ ಆದಾಯವು ಕನಿಷ್ಠ ಕುಟುಂಬ ಪಿಂಚಣಿ ಹಾಗೂ ಅದರ ಮೇಲಿನ ತುಟ್ಟಿಭತ್ಯೆಯ ಮೊತ್ತಕ್ಕಿಂತ ಕಡಿಮೆಯಿರಬೇಕು. 7ನೇ ವೇತನ ಆಯೋಗದನ್ವಯ 1-1-2016ರಿಂದ ಕನಿಷ್ಠ ಮೊತ್ತವನ್ನು ರೂ. 9,000 ಎಂದು ನಿಗದಿಪಡಿಸಲಾಯಿತು. ತುಟ್ಟಿಭತ್ಯೆ ಶೇ. 50ಕ್ಕೆ ಏರಿದ 1-1-2024ರಂದು ಮಿತಿಯು ರೂ. 13,500 ಆಗಿತ್ತು. ತುಟ್ಟಿಭತ್ಯೆಯು ಬದಲಾದಂತೆ ಮಿತಿಯೂ ಬದಲಾಗುವುದರಿಂದ ಹಳೆಯ ಅಂಕಿಯನ್ನು ನಂಬಿ ಅರ್ಜಿಯನ್ನು ಕೈಬಿಡಬಾರದು. ಸಾಮಾನ್ಯ ದರದ ಕುಟುಂಬ ಪಿಂಚಣಿಯು ಮೃತರ ಕೊನೆಯ ಮೂಲ ವೇತನದ ಶೇ. 30ರಷ್ಟಿರುತ್ತದೆ.

ಅರ್ಜಿ ಸಲ್ಲಿಕೆ

ಮೃತರು ಕೊನೆಯದಾಗಿ ಕರ್ತವ್ಯ ನಿರ್ವಹಿಸಿದ ಕಛೇರಿಯ ಮುಖ್ಯಸ್ಥರಿಗೆ ಅರ್ಜಿ ಸಲ್ಲಿಸತಕ್ಕದ್ದು. ಪುತ್ರಿಯ ಹೆಸರು ಪಿಂಚಣಿ ಪಾವತಿ ಆದೇಶದಲ್ಲಿ ಇಲ್ಲದಿದ್ದಲ್ಲಿ ಬ್ಯಾಂಕು ತಾನಾಗಿಯೇ ಪಾವತಿ ಆರಂಭಿಸಲಾರದು. ಬ್ಯಾಂಕಿಗೆ ಅಲೆಯುವುದರಿಂದ ಪ್ರಯೋಜನವಿಲ್ಲ. ಅರ್ಜಿಯೊಂದಿಗೆ ತಂದೆ ತಾಯಿಯರ ಮರಣ ಪ್ರಮಾಣಪತ್ರ, ಪಿಂಚಣಿ ಪಾವತಿ ಆದೇಶದ ಪ್ರತಿ, ಪುತ್ರಿಯ ಜನ್ಮ ದಿನಾಂಕದ ದಾಖಲೆ, ಆದಾಯದ ದಾಖಲೆ ಮತ್ತು ಬ್ಯಾಂಕ್ ಖಾತೆಯ ವಿವರಗಳನ್ನು ಲಗತ್ತಿಸಬೇಕು. ವಿಧವೆಯರು ಪತಿಯ ಮರಣ ಪ್ರಮಾಣಪತ್ರವನ್ನು, ವಿಚ್ಛೇದಿತರು ಡಿಕ್ರಿಯ ದೃಢೀಕೃತ ಪ್ರತಿಯನ್ನು ಒದಗಿಸಬೇಕು. ಡಿಕ್ರಿಯಲ್ಲಿ ಪ್ರಕರಣ ದಾಖಲಾದ ದಿನಾಂಕ ಕಾಣದಿದ್ದಲ್ಲಿ ಮೂಲ ಅರ್ಜಿಯ ದೃಢೀಕೃತ ಪ್ರತಿಯನ್ನೂ ನ್ಯಾಯಾಲಯದಿಂದ ಪಡೆದು ಸೇರಿಸುವುದು ಅವಶ್ಯ.

ಸೇವೆಯಲ್ಲಿರುವ ನೌಕರರು ನಮೂನೆ 4ರಲ್ಲಿ ಕುಟುಂಬದ ವಿವರ ನೀಡುವಾಗ ವಿವಾಹಿತ ಪುತ್ರಿಯರ ಹೆಸರನ್ನೂ ನಮೂದಿಸಬೇಕು. ಒಮ್ಮೆ ಸೇರಿಸಿದ ಪುತ್ರಿಯ ಹೆಸರನ್ನು ಪಟ್ಟಿಯಿಂದ ತೆಗೆಯಬಾರದೆಂದು 2024ರಲ್ಲಿ ಪಿಂಚಣಿ ಇಲಾಖೆಯು ಸ್ಪಷ್ಟಪಡಿಸಿದೆ. ಪಟ್ಟಿಯಲ್ಲಿ ಹೆಸರಿದ್ದ ಮಾತ್ರಕ್ಕೆ ಪಿಂಚಣಿ ಮಂಜೂರಾಗುವುದಿಲ್ಲ. ಅರ್ಹತೆಯನ್ನು ಸರದಿ ಬಂದಾಗ ಪರಿಶೀಲಿಸಲಾಗುತ್ತದೆ. ಮಂಜೂರಾತಿಯ ನಂತರ ವಿವಾಹವಾದಲ್ಲಿ ಅಥವಾ ಆದಾಯವು ಮಿತಿಯನ್ನು ತಲುಪಿದಲ್ಲಿ ಫಲಾನುಭವಿಯು ಕೂಡಲೇ ಬ್ಯಾಂಕಿಗೆ ಲಿಖಿತವಾಗಿ ತಿಳಿಸತಕ್ಕದ್ದು.