ಅರ್ಲಿ ವೆಸ್ಟರ್ನ್ ಟ್ರಾವೆಲ್ಸ್
ರೂಬೆನ್ ಗೋಲ್ಡ್ ಥ್ವೈಟ್ಸ್ (1853–1913) ಸಂಪಾದಿಸಿ, ಕ್ಲೀವ್‌ಲ್ಯಾಂಡ್‌ನ ಆರ್ಥರ್ ಎಚ್. ಕ್ಲಾರ್ಕ್ ಕಂಪನಿ 1904–07ರಲ್ಲಿ ಹೊರತಂದ 32 ಸಂಪುಟಗಳ ಮರುಮುದ್ರಣ ಮಾಲೆ. 1748ರಿಂದ 1846ರವರೆಗೆ ಅಮೆರಿಕದ ಪಶ್ಚಿಮ ಸೀಮೆಯಲ್ಲಿ ಓಡಾಡಿದ ವ್ಯಾಪಾರಿ, ಪಾದ್ರಿ, ಸಸ್ಯವಿಜ್ಞಾನಿಗಳ ದಿನಚರಿ, ಕಥನಗಳು ಇದರಲ್ಲಿವೆ. ಜರ್ಮನಿಯ ರಾಜಕುಮಾರ ಮ್ಯಾಕ್ಸಿಮಿಲಿಯನ್‌ನ ಕಥನವೇ ಮೂರು ಸಂಪುಟ. ಜೊತೆಗಾರ ಕಾರ್ಲ್ ಬೋಡ್ಮರ್‌ನ ಚಿತ್ರಗಳಿಗೆ ಬೇರೆಯೇ ಸಂಪುಟವಿದೆ. ಇಬ್ಬರೂ 1833–34ರ ಚಳಿಗಾಲವನ್ನು ಮಿಸೌರಿ ನದಿದಂಡೆಯ ಫೋರ್ಟ್ ಕ್ಲಾರ್ಕ್‌ನಲ್ಲಿ ಕಳೆದು, ಅಲ್ಲಿನ ಮೂಲನಿವಾಸಿಗಳಾದ ಮಂಡನ್ ಜನರ ಮಣ್ಣು ಮೆತ್ತಿದ ದುಂಡನೆಯ ಮನೆ, ಉಡುಗೆ, ಕುಣಿತಗಳನ್ನು ದಾಖಲಿಸಿದರು. 1837ರ ಸಿಡುಬಿಗೆ ಆ ಜನರಲ್ಲಿ ಬಹುಪಾಲು ಮಂದಿ ಬಲಿಯಾದರು. ಹೀಗಾಗಿ ಇಡೀ ಮಾಲೆಯಲ್ಲಿ ಹೆಚ್ಚು ಬೆಲೆಯುಳ್ಳ ಭಾಗ ಇದೇ ಎನ್ನಬಹುದು. ಮೂಲನಿವಾಸಿಗಳ ಕುರಿತ ಮಾತುಗಳನ್ನು ಮಾತ್ರ ಎಚ್ಚರದಿಂದ ಓದಬೇಕು. ಬರೆದವರು ಬಹುಪಾಲು ಹೊರಗಿನವರು. ಕೊನೆಯ ಎರಡು ಸಂಪುಟಗಳು ಪೂರ್ತಿ ಪದಸೂಚಿ.